ಓದುಗರ ಪ್ರಶ್ನೆ: ಗ್ರೀಕ್, ಲ್ಯಾಟಿನ್ ಪುಸ್ತಕಗಳ ವಿಮರ್ಶೆಗೆಂದೇ ಇರುವ ಅಂತರ್ಜಾಲ ಪತ್ರಿಕೆ

ಪ್ರಶ್ನೆ: ಪ್ರಾಚೀನ ಗ್ರೀಸ್ ಮತ್ತು ರೋಮ್ ಕುರಿತ ಪುಸ್ತಕಗಳನ್ನು ಹುಡುಕುವಾಗ ‘ಬ್ರಿನ್ ಮಾರ್ ಕ್ಲಾಸಿಕಲ್ ರಿವ್ಯೂ’ ಎಂಬ ಹೆಸರು ಮತ್ತೆ ಮತ್ತೆ ಕಣ್ಣಿಗೆ ಬೀಳುತ್ತದೆ. ಯಾರು ಬೇಕಾದರೂ ಹಣ ಕೊಡದೆ ಓದಬಹುದಾದ ಇಂಥ ಅಂತರ್ಜಾಲ ಪತ್ರಿಕೆಯನ್ನು ವಿದ್ವಾಂಸರು ಗಂಭೀರವಾಗಿ ಪರಿಗಣಿಸುತ್ತಾರೆಯೇ?

ಉತ್ತರ: ಖಂಡಿತವಾಗಿಯೂ ಪರಿಗಣಿಸುತ್ತಾರೆ. ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಬ್ರಿನ್ ಮಾರ್ ಕಾಲೇಜಿನ ಹೆಸರು ಹೊತ್ತಿರುವ ಈ ಪತ್ರಿಕೆಯನ್ನು 1990ರಲ್ಲಿ ರಿಚರ್ಡ್ ಹ್ಯಾಮಿಲ್ಟನ್ ಮತ್ತು ಜೇಮ್ಸ್ ಒ’ಡೊನೆಲ್ ಎಂಬ ಇಬ್ಬರು ಪ್ರಾಧ್ಯಾಪಕರು ಆರಂಭಿಸಿದರು. ಮಾನವಿಕ ವಿಷಯಗಳಿಗೆ ಮೀಸಲಾದ ಅಂತರ್ಜಾಲ ಪತ್ರಿಕೆಗಳಲ್ಲಿ ಇದು ಅತ್ಯಂತ ಹಳೆಯವುಗಳ ಸಾಲಿಗೆ ಸೇರುತ್ತದೆ. ವರ್ಲ್ಡ್ ವೈಡ್ ವೆಬ್ ಇನ್ನೂ ಜನಸಾಮಾನ್ಯರ ಕೈಗೆ ಬಂದಿರದ ಆ ದಿನಗಳಲ್ಲಿ ವಿಮರ್ಶೆಗಳು ಇ-ಮೇಲ್ ಮೂಲಕವೇ ಚಂದಾದಾರರನ್ನು ತಲುಪುತ್ತಿದ್ದವು. ಆಗಿನ ಇ-ಮೇಲ್‌ನಲ್ಲಿ ಗ್ರೀಕ್ ಅಕ್ಷರಗಳು ಮೂಡುತ್ತಿರಲಿಲ್ಲವಾದ್ದರಿಂದ, ಉದ್ಧರಿಸಬೇಕಾದ ಗ್ರೀಕ್ ಪದಗಳನ್ನು ರೋಮನ್ ಲಿಪಿಯಲ್ಲಿ ಬರೆಯಬೇಕಾಗುತ್ತಿತ್ತು. ಅಷ್ಟು ತೊಡಕನ್ನು ಸಹಿಸಿಕೊಂಡೂ ವಿದ್ವಾಂಸರು ಇದನ್ನು ಏಕೆ ಒಪ್ಪಿಕೊಂಡರು ಎಂಬುದಕ್ಕೆ ಮುದ್ರಿತ ಪತ್ರಿಕೆಗಳ ನಿಧಾನಗತಿಯೇ ಉತ್ತರ. ಈ ಕ್ಷೇತ್ರದಲ್ಲಿ 1887ರಷ್ಟು ಹಿಂದೆಯೇ ಹುಟ್ಟಿದ ‘ದಿ ಕ್ಲಾಸಿಕಲ್ ರಿವ್ಯೂ’ ಇದೆ, 1925ರಲ್ಲಿ ಜರ್ಮನಿಯಲ್ಲಿ ಆರಂಭವಾದ ‘ಗ್ನೋಮೋನ್’ ಇದೆ. ಇವುಗಳ ಘನತೆಯನ್ನು ಯಾರೂ ಪ್ರಶ್ನಿಸುವುದಿಲ್ಲ. ಆದರೆ ವರ್ಷಕ್ಕೆ ಇಂತಿಷ್ಟೇ ಸಂಚಿಕೆ, ಸಂಚಿಕೆಗೆ ಇಂತಿಷ್ಟೇ ಪುಟ ಎಂಬ ಕಟ್ಟಿನೊಳಗೆ, ಪುಸ್ತಕ ಹೊರಬಂದು ಎರಡು ಮೂರು ವರ್ಷ ಕಳೆದ ಮೇಲೆ ಅದರ ವಿಮರ್ಶೆ ಅಚ್ಚಾಗುವುದು ಅಪರೂಪವೇನಲ್ಲ. ಪುಟಗಳ ಹಂಗಿಲ್ಲದ ಪತ್ರಿಕೆ ಬೇಗ ಪ್ರಕಟಿಸಬಲ್ಲದು, ವಿಷಯ ಬೇಡಿದಾಗ ವಿಮರ್ಶಕರಿಗೆ ಹೆಚ್ಚು ಜಾಗವನ್ನೂ ಕೊಡಬಲ್ಲದು.

ಉಚಿತವಾಗಿ ಸಿಗುತ್ತದೆ ಎಂಬ ಕಾರಣಕ್ಕೆ ಅನುಮಾನ ಪಡಬೇಕಾಗಿಲ್ಲ. ವಿಮರ್ಶೆಯ ಮೇಲೆ ಬರೆದವರ ಹೆಸರೂ ಅವರ ಸಂಸ್ಥೆಯ ಹೆಸರೂ ಇರುತ್ತವೆ; ಆಡಿದ ಮಾತಿಗೆ ಅವರು ಬಹಿರಂಗವಾಗಿ ಹೊಣೆಗಾರರು. ನೊಂದ ಅಥವಾ ಒಪ್ಪದ ಲೇಖಕರು ಕಳುಹಿಸಿದ ಪ್ರತಿಕ್ರಿಯೆಗಳೂ ಇದೇ ಪತ್ರಿಕೆಯಲ್ಲಿ ಪ್ರಕಟವಾಗಿವೆ. ನನ್ನ ದೃಷ್ಟಿಯಲ್ಲಿ ವಿಶ್ವಾಸಾರ್ಹತೆಯ ನಿಜವಾದ ಗುರುತು ಇದೇ. ದೊಡ್ಡ ವಿಶ್ವವಿದ್ಯಾಲಯದ ಗ್ರಂಥಾಲಯದಿಂದ ದೂರವಿರುವ ಓದುಗನಿಗೂ ಈ ಚರ್ಚೆ ತೆರೆದೇ ಇರುವುದು ಸಣ್ಣ ಸಂಗತಿಯಲ್ಲ.

ಪ್ರಶ್ನೆ: ನಾನು ಮೆಚ್ಚಿದ್ದ ಒಂದು ಪುಸ್ತಕವನ್ನು ಅಲ್ಲಿನ ವಿಮರ್ಶಕರು ಕಟುವಾಗಿ ಟೀಕಿಸಿದ್ದಾರೆ. ಇಂಥ ತೀರ್ಪನ್ನು ಎಷ್ಟರ ಮಟ್ಟಿಗೆ ನಂಬಬೇಕು?

ಉತ್ತರ: ತೀರ್ಪಿನ ವಾಕ್ಯಕ್ಕಿಂತ ಅದಕ್ಕೆ ಒದಗಿಸಿದ ಆಧಾರವನ್ನು ಮೊದಲು ನೋಡಿ. ಉದಾಹರಣೆಗೆ, ಪ್ರಾಚೀನ ಗ್ರೀಕ್ ನಾಟಕಕಾರ ಸೊಫೊಕ್ಲಿಸ್‌ನ ನಾಟಕವೊಂದರ ಹೊಸ ಸಂಪಾದನೆ ಬಂದಿದೆ ಎಂದಿಟ್ಟುಕೊಳ್ಳೋಣ. ಅವನ ಏಳು ನಾಟಕಗಳು ಮಾತ್ರ ಪೂರ್ಣವಾಗಿ ಉಳಿದಿವೆ; ಅವುಗಳ ಪಠ್ಯಕ್ಕೆ ಮುಖ್ಯ ಆಧಾರಗಳಲ್ಲೊಂದು ಫ್ಲಾರೆನ್ಸ್‌ನ ಲಾರೆನ್ಶಿಯನ್ ಗ್ರಂಥಾಲಯದಲ್ಲಿರುವ ಹತ್ತನೆಯ ಶತಮಾನದ ಹಸ್ತಪ್ರತಿ. ಒಳ್ಳೆಯ ವಿಮರ್ಶಕ ಇಂಥ ಕಡೆ ಪುಟದ ಅಡಿಯ ಪಾಠಾಂತರಗಳ (ಬೇರೆ ಬೇರೆ ಹಸ್ತಪ್ರತಿಗಳಲ್ಲಿ ಕಾಣುವ ಭಿನ್ನ ಪಾಠಗಳ) ಪಟ್ಟಿಗೆ ಇಳಿಯುತ್ತಾನೆ: ಇಂತಹ ಸಾಲಿನಲ್ಲಿ ಸಂಪಾದಕರು ಹಸ್ತಪ್ರತಿಯ ಪಾಠವನ್ನು ಬಿಟ್ಟು ಹಿಂದಿನ ವಿದ್ವಾಂಸರೊಬ್ಬರ ಊಹಾಪಾಠವನ್ನು, ಅಂದರೆ ಮೂಲದಲ್ಲಿ ಹೀಗಿದ್ದಿರಬೇಕು ಎಂದು ಊಹಿಸಿ ಸೂಚಿಸಿದ ತಿದ್ದುಪಡಿಯನ್ನು, ಏಕೆ ಸ್ವೀಕರಿಸಿದರು, ಆ ಊಹೆಯನ್ನು ಮೊದಲು ಮಾಡಿದವರ ಹೆಸರನ್ನು ಸರಿಯಾಗಿ ದಾಖಲಿಸಿದ್ದಾರೆಯೇ, ಹೊಸ ಪಾಠ ಛಂದಸ್ಸಿಗೆ ಹೊಂದುತ್ತದೆಯೇ ಎಂದು ಕೇಳುತ್ತಾನೆ. ಸಾಲಿನ ಸಂಖ್ಯೆ ಕೊಟ್ಟು ಹೀಗೆ ತೋರಿಸಿದ ಟೀಕೆ ಎಷ್ಟೇ ಕಟುವಾಗಿದ್ದರೂ ತೂಕವುಳ್ಳದ್ದು, ಏಕೆಂದರೆ ಅದನ್ನು ನೀವೇ ಪರೀಕ್ಷಿಸಬಹುದು. ‘ನಿರಾಶಾದಾಯಕ’ ಎಂದು ಹೇಳಿ ಮುಂದೆ ಸಾಗುವ ವಿಮರ್ಶೆಗೆ ಆ ತೂಕವಿಲ್ಲ. ಹೊಗಳಿಕೆಗೂ ಇದೇ ಅಳತೆ ಅನ್ವಯಿಸುತ್ತದೆ.

ಇನ್ನೊಂದನ್ನೂ ಗಮನಿಸಿ. ಲೇಖಕರು ಬರೆಯಲು ಹೊರಟ ಪುಸ್ತಕವನ್ನು ಬಿಟ್ಟು, ತಾನು ಬಯಸಿದ್ದ ಬೇರೆಯೇ ಪುಸ್ತಕದ ಕೊರತೆಯನ್ನು ವಿಮರ್ಶಕ ಹೇಳುತ್ತಿದ್ದರೆ, ಆ ಭಾಗವನ್ನು ಪಕ್ಕಕ್ಕಿಡಬಹುದು. ಕೊನೆಯಲ್ಲಿ ಬರುವ ಅಚ್ಚಿನ ತಪ್ಪುಗಳ ಪಟ್ಟಿ ಮುಂದಿನ ಮುದ್ರಣಕ್ಕೆ ಉಪಕಾರಿ, ಆದರೆ ಪುಸ್ತಕದ ವಾದವನ್ನು ಅದು ಕೆಡವುವುದಿಲ್ಲ. ಹಲವರು ಬರೆದ ಲೇಖನ ಸಂಪುಟಗಳ ವಿಮರ್ಶೆಯಲ್ಲಿ ಲೇಖಕರ ಮತ್ತು ಲೇಖನಗಳ ಪಟ್ಟಿಯನ್ನು ಕೊನೆಗೆ ಕೊಡುವ ಪದ್ಧತಿ ಇಲ್ಲಿದೆ. ದುಬಾರಿ ಸಂಪುಟವನ್ನು ಕೊಳ್ಳುವ ಮೊದಲು ತನಗೆ ಬೇಕಾದ ಲೇಖನ ಅದರಲ್ಲಿದೆಯೇ ಎಂದು ತಿಳಿಯಲು ಅದೊಂದೇ ಸಾಕು. ಸಾಧ್ಯವಾದರೆ ಅದೇ ಪುಸ್ತಕದ ಇನ್ನೊಂದು ವಿಮರ್ಶೆಯನ್ನೂ ಬೇರೆ ಪತ್ರಿಕೆಯಲ್ಲಿ ಓದಿ. ಇಬ್ಬರು ತಜ್ಞರು ಎಲ್ಲಿ ಭಿನ್ನರಾಗುತ್ತಾರೋ ಅಲ್ಲಿಯೇ ಆ ಕ್ಷೇತ್ರದ ಜೀವಂತ ಪ್ರಶ್ನೆ ಇರುತ್ತದೆ.

ಪ್ರಶ್ನೆ: ಪುಟಸಂಖ್ಯೆಯೇ ಇಲ್ಲದ ವಿಮರ್ಶೆಯನ್ನು ನನ್ನ ಪ್ರಬಂಧದಲ್ಲಿ ಹೇಗೆ ಉಲ್ಲೇಖಿಸಲಿ?

ಉತ್ತರ: ಪ್ರತಿ ವಿಮರ್ಶೆಗೂ ವರ್ಷ, ತಿಂಗಳು ಮತ್ತು ಆ ತಿಂಗಳ ಕ್ರಮಸಂಖ್ಯೆಯನ್ನು ಚುಕ್ಕಿಗಳಿಂದ ಬೇರ್ಪಡಿಸಿದ ಗುರುತು ಇರುತ್ತದೆ. 2015.04.12 ಎಂದಿದ್ದರೆ ಅದು 2015ರ ಏಪ್ರಿಲ್‌ನ ಹನ್ನೆರಡನೆಯದು. ವಿಮರ್ಶಕರ ಹೆಸರು, ಪತ್ರಿಕೆಯ ಹೆಸರು ಮತ್ತು ಈ ಸಂಖ್ಯೆಯನ್ನು ಕೊಟ್ಟರೆ ಯಾರು ಬೇಕಾದರೂ ಅದನ್ನು ಹುಡುಕಿಕೊಳ್ಳಬಲ್ಲರು.

ಪ್ರಶ್ನೆ: ಅಲ್ಲಿ ಯಾರು ಬರೆಯಬಹುದು? ಎಲ್ಲವೂ ಇಂಗ್ಲಿಷಿನಲ್ಲೇ ಇರುತ್ತವೆಯೇ?

ಉತ್ತರ: ಹೆಚ್ಚಿನವು ಇಂಗ್ಲಿಷಿನಲ್ಲಿವೆ, ಫ್ರೆಂಚ್, ಜರ್ಮನ್, ಇಟಾಲಿಯನ್, ಸ್ಪ್ಯಾನಿಷ್ ಭಾಷೆಗಳಲ್ಲೂ ಬರುತ್ತವೆ. ವಿಮರ್ಶೆಗೆ ಬಂದ ಪುಸ್ತಕಗಳ ಪಟ್ಟಿಯನ್ನು ಪತ್ರಿಕೆ ಪ್ರಕಟಿಸುತ್ತದೆ, ಆ ವಿಷಯದಲ್ಲಿ ಪರಿಣತಿಯುಳ್ಳವರು ತಾವಾಗಿಯೇ ಮುಂದೆ ಬಂದು ಕೇಳಿಕೊಳ್ಳಬಹುದು. ಸಂಭಾವನೆ ಇಲ್ಲ, ವಿಮರ್ಶಿಸಿದ ಪುಸ್ತಕ ಅವರದಾಗುತ್ತದೆ. ಲೇಖಕರೊಂದಿಗೆ ನಿಕಟ ಸಂಬಂಧವಿದ್ದವರು ಆ ಪುಸ್ತಕವನ್ನು ಕೇಳಬಾರದು.