ಗ್ಯಾಲ್ವೆಸ್ಟನ್ ಬರೀ ಮರಳಿನ ದ್ವೀಪ ಅಂತಾರೆ, ಹಾಗಾದ್ರೆ ಅಲ್ಲಿ ಊರು ಹೇಗೆ ನಿಂತಿದೆ?

ಅಮೆರಿಕದ ಟೆಕ್ಸಸ್‌ನ ಹ್ಯೂಸ್ಟನ್ನಿಗೆ ಮಗಳ ಮನೆಗೆ ಬಂದಾಗ ಹತ್ತಿರದ ಕರಾವಳಿಯ ಗ್ಯಾಲ್ವೆಸ್ಟನ್ ನೋಡಿದಿರಿ, ನೀರು ಯಾಕೆ ಕಂದು ಬಣ್ಣ, ಬರೀ ಮರಳಿನ ಮೇಲೆ ಅಷ್ಟು ದೊಡ್ಡ ಊರು ಹೇಗೆ, ಅಳಿಯಂದಿರು ಅಲ್ಲೊಂದು ಕಂಬದ ಮೇಲಿನ ಮನೆ ಕೊಳ್ಳೋ ಯೋಚನೆಯಲ್ಲಿದ್ದಾರೆ, ಕೊಳ್ಳಬಹುದಾ ಅಂತ ಕೇಳಿದ್ದೀರಿ. ನಾನಿರೋದು ಹ್ಯೂಸ್ಟನ್ನಿನಲ್ಲಿ, ಹುಟ್ಟೂರು ಉಳ್ಳಾಲದ ಹತ್ತಿರ. ಹಾಗಾಗಿ ಈ ದ್ವೀಪದ ವಿಷಯ ಬಂದರೆ ನಾನು ಸ್ವಲ್ಪ ಜಾಸ್ತಿನೇ ಮಾತಾಡ್ತೀನಿ.

ನೀರಿನ ವಿಷಯ ಬೇಗ ಮುಗಿಸ್ತೀನಿ. ಅದು ಗಲೀಜಲ್ಲ, ಕೆಸರು. ಮಿಸಿಸಿಪ್ಪಿ ಮತ್ತು ಸುತ್ತಲಿನ ನದಿಗಳು ತಂದು ಸುರಿಯುವ ನುಣುಪು ಮಣ್ಣು ಕರಾವಳಿಯ ಉದ್ದಕ್ಕೂ ಪಶ್ಚಿಮಕ್ಕೆ ಹರಿದು ಬರುತ್ತದೆ. ಇಲ್ಲಿ ಸಮುದ್ರ ಬಹಳ ದೂರದವರೆಗೆ ಆಳವಿಲ್ಲ. ಸಣ್ಣ ಅಲೆ ಎದ್ದರೂ ತಳ ಕದಡುತ್ತದೆ, ಅಷ್ಟೇ.

ಇನ್ನು ದ್ವೀಪ. ಉದ್ದ ಸುಮಾರು 43 ಕಿಲೋಮೀಟರ್, ಅಗಲ ಎಲ್ಲಿ ನೋಡಿದರೂ 5 ಕಿಲೋಮೀಟರಿಗಿಂತ ಜಾಸ್ತಿ ಇಲ್ಲ. ಮುಂದೆ ಸಮುದ್ರ, ಹಿಂದೆ ಕೊಲ್ಲಿ, ನಡುವೆ ಮರಳಿನ ಒಂದು ಪಟ್ಟಿ. ಮಂಗಳೂರಿನ ಬೆಂಗ್ರೆ ನೋಡಿದ್ದರೆ ಅಂದಾಜು ಸಿಗುತ್ತದೆ, ಅಲ್ಲಿ ಹಿಂದೆ ನದಿ, ಇಲ್ಲಿ ಕೊಲ್ಲಿ. ಸಮುದ್ರದ ಮಟ್ಟ ಏರೋದು ನಿಧಾನವಾದ ಮೇಲೆ, ಸುಮಾರು 5,000 ವರ್ಷಗಳಿಂದೀಚೆಗೆ ಅಲೆಗಳು ಮರಳು ಪೇರಿಸಿ ಪೇರಿಸಿ ಇದನ್ನು ಕಟ್ಟಿವೆ. ಇಂಥ ದ್ವೀಪ ಉಳಿಯೋ ದಾರಿ ಒಂದೇ: ಸರಿಯೋದು. ದೊಡ್ಡ ಚಂಡಮಾರುತ ಬಂದರೆ ಮುಂದಿನ ಮರಳು ಮೇಲಿಂದ ಹರಿದು ಹಿಂದಿನ ಕೊಲ್ಲಿ ಕಡೆ ಬೀಳುತ್ತದೆ. ದ್ವೀಪಕ್ಕೆ ಅದರಿಂದ ತೊಂದರೆ ಏನಿಲ್ಲ. ತೊಂದರೆ ಅದರ ಮೇಲೆ ಪಾಯ ಹಾಕಿ ಕೂತವರಿಗೆ.

ಇಲ್ಲಿನ ಮೂಲ ಜನ ಕರಂಕಾವಾಗಳು ಪಾಯ ಹಾಕಲಿಲ್ಲ. ಚಳಿಗಾಲದಲ್ಲಿ ಕರಾವಳಿಗೆ ಬಂದು ಮೀನು, ಸಿಂಪಿ ತಿಂದು, ಋತು ಬದಲಾದರೆ ಒಳನಾಡಿಗೆ ಹೋಗ್ತಿದ್ದರು. 1528ರಲ್ಲಿ ಹಡಗು ಕಳಕೊಂಡು ಈ ಕಡೆ ದಡ ಸೇರಿದ ಸ್ಪೇನಿನ ಕಬೆಸಾ ದೆ ವಾಕಾ ಬದುಕಿದ್ದೂ ಇಂಥ ಜನರ ನಡುವೆಯೇ. ಆಮೇಲೆ ಕಡಲ್ಗಳ್ಳ ಲಫೀಟ್ ಬಂದ, 1820ರ ಸುಮಾರಿಗೆ ಜಾಗ ಖಾಲಿ ಮಾಡಿದ. ಅವನ ಕಥೆಯನ್ನು ಟೂರಿಸ್ಟ್ ಅಂಗಡಿಗಳವರು ಬೇಕಾದಷ್ಟು ಹೇಳ್ತಾರೆ, ಬಿಡಿ.

ಊರು ಬೆಳೆದದ್ದು ಬಂದರಿನಿಂದ. ಹತ್ತಿ ವ್ಯಾಪಾರದ ದುಡ್ಡು ಹರಿದು ಬಂತು, 1900ರ ಹೊತ್ತಿಗೆ ಸುಮಾರು 38,000 ಜನ. ಅಷ್ಟೂ ಜನ ಇದ್ದ ನೆಲದ ಅತಿ ಎತ್ತರದ ಜಾಗ 9 ಅಡಿಯೂ ಇರಲಿಲ್ಲ. ಅದೇ ಕರಾವಳಿಯ ಇಂಡಿಯನೋಲಾ ಅನ್ನೋ ಬಂದರು 1875ರಲ್ಲಿ ಒಮ್ಮೆ, 1886ರಲ್ಲಿ ಇನ್ನೊಮ್ಮೆ ಚಂಡಮಾರುತಕ್ಕೆ ಸಿಕ್ಕಿ ಹಾಳಾದದ್ದು ಇವರ ಕಣ್ಣೆದುರೇ ಇತ್ತು. ಗೋಡೆ ಕಟ್ಟೋಣ ಅನ್ನೋ ಮಾತೂ ಬಂತು. ಆದರೆ 1891ರಲ್ಲಿ ಇಲ್ಲಿನ ಹವಾಮಾನ ಅಧಿಕಾರಿ ಐಸಾಕ್ ಕ್ಲೈನ್, ಈ ಊರಿಗೆ ಅಂಥ ಅಪಾಯ ಅನ್ನೋದೇ ಭ್ರಮೆ ಅಂತ ಪತ್ರಿಕೆಯಲ್ಲಿ ಬರೆದ. 1900ರ ಸೆಪ್ಟೆಂಬರ್ 8ರಂದು ನೀರು 15 ಅಡಿಗಿಂತ ಮೇಲೆ ಬಂತು. ಸತ್ತವರು ಕಡಿಮೆ ಅಂದರೂ 6,000, ಲೆಕ್ಕ ಸಿಗದವರು ಎಷ್ಟೋ. ಸಮುದ್ರದ ಪಕ್ಕದ ಅನಾಥಾಶ್ರಮದಲ್ಲಿ ಸನ್ಯಾಸಿನಿಯರು ಬಟ್ಟೆ ಒಣಹಾಕುವ ಹಗ್ಗದಿಂದ ಮಕ್ಕಳನ್ನು ತಮ್ಮ ಸೊಂಟಕ್ಕೆ ಕಟ್ಟಿಕೊಂಡಿದ್ದರು. ಉಳಿದದ್ದು ಮೂರೇ ಹುಡುಗರು. ಕ್ಲೈನನ ಹೆಂಡತಿಯೂ ಅವತ್ತೇ ಹೋದರು.

ಬೇರೆ ಊರಾಗಿದ್ದರೆ ಜನ ಬಿಟ್ಟು ಹೋಗ್ತಿದ್ದರು. ಇವರು ಮಾಡಿದ್ದು ಕೇಳಿ. ಮೊದಲು 17 ಅಡಿ ಎತ್ತರದ ಕಾಂಕ್ರೀಟ್ ತಡೆಗೋಡೆ, ಮೊದಲ ಭಾಗ 1904ರಲ್ಲಿ ಮುಗೀತು. ಆಮೇಲೆ ಊರನ್ನೇ ಎತ್ತಿದರು! ಎರಡು ಸಾವಿರಕ್ಕೂ ಮೇಲೆ ಕಟ್ಟಡಗಳ ಕೆಳಗೆ ಸ್ಕ್ರೂ ಜಾಕ್ ಇಟ್ಟು, ಒಂದಿಷ್ಟಿಷ್ಟೇ ತಿರುಗಿಸಿ ಮೇಲೆತ್ತೋದು. ಊರೊಳಗೇ ಕಾಲುವೆ ತೋಡಿ, ಅದರಲ್ಲಿ ಹೂಳೆತ್ತುವ ಹಡಗು ತಂದು, ಮರಳು ಬೆರೆಸಿದ ಕೆಸರು ನೀರನ್ನು ಪೈಪಿನಲ್ಲಿ ಮನೆಗಳಡಿಗೆ ಬಿಡೋದು. ನೀರು ಹರಿದು ಹೋಗುತ್ತದೆ, ಮರಳು ಕೂತುಕೊಳ್ಳುತ್ತದೆ. ಇಗರ್ಜಿಯೊಂದು 3,000 ಟನ್ ತೂಗ್ತಿತ್ತು, ಅದನ್ನೂ 5 ಅಡಿ ಎತ್ತಿದರು. ನೀರಿನ ಪೈಪು, ಟ್ರಾಮ್ ಹಳಿ ಎಲ್ಲವೂ ಮೇಲೆ ಬಂದವು. ವರ್ಷಗಟ್ಟಲೆ ಜನ ಹಲಗೆಯ ಅಟ್ಟಣಿಗೆ ಮೇಲೆ ಓಡಾಡಿಕೊಂಡೇ ಸಂಸಾರ ಮಾಡಿದರು. ಮನೆ ಎತ್ತಿಸೋ ಖರ್ಚು ಮನೆಯವರದ್ದೇ. ಉಪ್ಪು ಮರಳಿಗೆ ಇದ್ದ ಗಿಡಮರ ಎಲ್ಲ ಸತ್ತವು. ಈ ಕೆಲಸ ಮುಗಿದದ್ದು 1911ರಲ್ಲಿ. ಮುಂದಿನ ಸಲ ಹೋದರೆ ಬ್ರಾಡ್‌ವೇಯಲ್ಲಿರುವ ಆಶ್ಟನ್ ವಿಲ್ಲಾದ ಕಬ್ಬಿಣದ ಬೇಲಿ ನೋಡಿ. ಅಷ್ಟು ದೊಡ್ಡ ಬಂಗಲೆಗೆ ಇಷ್ಟು ಗಿಡ್ಡ ಬೇಲಿ ಯಾಕೆ ಅನ್ನಿಸುತ್ತದೆ. ಅದರ ಬುಡ ಆ ಮರಳಿನಲ್ಲಿ ಹೂತು ಹೋಗಿದೆ, ಕಾಣೋದು ಮೇಲಿನ ಭಾಗ ಮಾತ್ರ.

1915ರಲ್ಲಿ ಮತ್ತೊಂದು ದೊಡ್ಡ ಚಂಡಮಾರುತ ಬಂದಾಗ ಊರು ನಿಂತಿತು. ಗೋಡೆ ಗೆದ್ದಿತು ಅನ್ನಿ. ಆದರೆ ಗೋಡೆ ಮುಂದಿನ ಮರಳು ಹೋಯಿತು. ಮಳೆಗಾಲ ಬಂದರೆ ಉಳ್ಳಾಲದಲ್ಲಿ ಕಡಲ್ಕೊರೆತಕ್ಕೆ ಲಾರಿಗಟ್ಟಲೆ ಕಲ್ಲು ಸುರಿಯೋದನ್ನು ನೋಡಿಕೊಂಡೇ ಬೆಳೆದವನು ನಾನು. ಕಲ್ಲಿನ ಹಿಂದಿನ ಮನೆ ಉಳಿದರೂ ಮುಂದೆ ಬಲೆ ಹರಡೋಕೆ ಜಾಗ ಉಳಿಯಲ್ಲ. ಇಲ್ಲೂ ಅದೇ ಕಥೆ. ಗೋಡೆ ಎದುರು ಈಗ ನೀವು ಕಾಲಾಡಿಸಿದ ಬೀಚ್ ಬಹುಪಾಲು ಬೇರೆಡೆಯಿಂದ ತಂದು ಸುರಿದ ಮರಳು. ಇನ್ನೊಂದು, ಗೋಡೆ ಇರೋದು ಮುಂದೆ ಮಾತ್ರ. 2008ರ ಐಕ್ ಚಂಡಮಾರುತದಲ್ಲಿ ನೀರು ಹಿಂದಿನ ಕೊಲ್ಲಿಯಿಂದ ಊರೊಳಗೆ ನುಗ್ಗಿತು. ಉಪ್ಪುನೀರು ನಿಂತು ಸಾವಿರಾರು ಓಕ್ ಮರಗಳು ಒಣಗಿದವು. ಕೆಲವು ಬೊಡ್ಡೆಗಳಲ್ಲಿ ಶಿಲ್ಪ ಕೆತ್ತಿಸಿದ್ದಾರೆ, ನೋಡೋಕೆ ಚೆನ್ನಾಗಿವೆ.

ಈಗ ಅಳಿಯಂದಿರ ಮನೆ. ನೀವು ಕಂಬದ ಮನೆಗಳ ಸಾಲು ನೋಡಿದ್ದು ಬಹುಶಃ ಗೋಡೆ ಮುಗಿದ ಮೇಲೆ, ಪಶ್ಚಿಮದ ಕಡೆ. ಅಲ್ಲಿ ದ್ವೀಪ ತೆಳ್ಳಗಿದೆ, ಮತ್ತು ತನ್ನ ಹಳೇ ಅಭ್ಯಾಸದಂತೆ ಹಿಂದೆ ಸರಿಯುತ್ತಲೇ ಇದೆ. ಟೆಕ್ಸಸ್‌ನಲ್ಲಿ 1959ರ ಒಂದು ಕಾನೂನಿದೆ: ಹುಲ್ಲು, ಗಿಡ ಶುರುವಾಗುವ ಗೆರೆಯವರೆಗೆ ಬೀಚಿನಲ್ಲಿ ಓಡಾಡುವ ಹಕ್ಕು ಜನರದ್ದು. ಸಮುದ್ರ ಆ ಗೆರೆಯನ್ನು ನಿಮ್ಮ ಮನೆ ಹಿಂದಕ್ಕೆ ತಳ್ಳಿದರೆ ಮನೆ ಬೀಚಿನಲ್ಲಿ ನಿಂತಂತಾಯ್ತು. ಚಂಡಮಾರುತ ಒಂದೇ ಏಟಿಗೆ ಗೆರೆ ಸರಿಸಿದರೆ ಜನರ ಹಕ್ಕು ತಾನಾಗಿ ಅದರ ಜೊತೆ ಸರಿಯಲ್ಲ ಅಂತ 2012ರಲ್ಲಿ ಟೆಕ್ಸಸ್ ಸುಪ್ರೀಂ ಕೋರ್ಟ್ ಹೇಳಿದೆ. ಅಂದರೆ ಕೋರ್ಟಿನಲ್ಲಿ ಮನೆಯವರಿಗೆ ಸ್ವಲ್ಪ ಬಲ ಬಂತು. ಮರಳು ಕೋರ್ಟಿನ ಮಾತು ಕೇಳಲ್ಲ, ಅಲ್ವಾ. ನನ್ನನ್ನು ಕೇಳಿದರೆ ರಜೆಗೆ ಬಾಡಿಗೆ ಹಿಡಿದು ಇರಲಿ. ಕೊಳ್ಳಲೇಬೇಕು ಅಂತಿದ್ದರೆ ಗೋಡೆಯ ಹಿಂದೆ, ಎತ್ತರಿಸಿದ ಊರೊಳಗೆ ಹುಡುಕಲಿ. ಬೆಲೆ ಮಾತಾಡೋ ಮುಂಚೆ ನೆರೆ ವಿಮೆ, ಗಾಳಿ ವಿಮೆ ಎರಡಕ್ಕೂ ವರ್ಷಕ್ಕೆ ಎಷ್ಟಾಗುತ್ತೆ ಅಂತ ವಿಚಾರಿಸಿಕೊಳ್ಳಲಿ.