ಎಕ್ಸ್‌ಟಿಸಿ ಆಲ್ಬಂಗಳನ್ನು ಎಲ್ಲಿಂದ ಕೇಳಲು ಶುರು ಮಾಡಬೇಕು?

ಇಂಗ್ಲೆಂಡಿನ ರಾಕ್ ತಂಡ ಎಕ್ಸ್‌ಟಿಸಿಯ ಆಲ್ಬಂಗಳನ್ನೆಲ್ಲ ಕೇಳುವ ಆಸೆಯಿದೆ, 1978ರ ಮೊದಲನೆಯದರಿಂದ ವರ್ಷದ ಕ್ರಮದಲ್ಲೇ ಹೋಗಬೇಕೇ ಎಂದು ಕೇಳಿದ್ದೀರಿ. ಬೇಡ ಎಂದೇ ಹೇಳುತ್ತೇನೆ. ಮೊದಲೆರಡು ಆಲ್ಬಂಗಳಾದ ‘ವೈಟ್ ಮ್ಯೂಸಿಕ್’ ಮತ್ತು ‘ಗೋ 2’ರಲ್ಲಿ ವೇಗ, ಹುರುಪು ಎರಡೂ ಇವೆಯಾದರೂ, ಬ್ಯಾರಿ ಆಂಡ್ರ್ಯೂಸ್ ಅವರ ಕೀಬೋರ್ಡಿನ ಅಬ್ಬರದಲ್ಲಿ ಹಾಡಿನ ಧಾಟಿ ಹೊಸಬರ ಕಿವಿಗೆ ಸುಲಭವಾಗಿ ಸಿಗುವುದಿಲ್ಲ.

1982ರ ಜೋಡಿ ಆಲ್ಬಂ ‘ಇಂಗ್ಲಿಷ್ ಸೆಟಲ್‌ಮೆಂಟ್’ನಿಂದ ಆರಂಭಿಸಿ. ಇವರ ಊರಾದ ಸ್ವಿಂಡನ್‌ಗೆ ಸಮೀಪದ ಅಫಿಂಗ್ಟನ್ ಗುಡ್ಡದ ಮೇಲಿರುವ ಪ್ರಾಚೀನ ಬಿಳಿ ಕುದುರೆಯ ಚಿತ್ರವೇ ಅದರ ಮುಖಪುಟ. ಆಂಡಿ ಪಾರ್ಟ್ರಿಜ್ ಅವರ ಅಕೂಸ್ಟಿಕ್ ಗಿಟಾರ್, ಡೇವ್ ಗ್ರೆಗರಿಯವರ ಹನ್ನೆರಡು ತಂತಿಯ ಗಿಟಾರ್, ಗೋಟುವಾದ್ಯದಂತೆ ಸ್ವರದಿಂದ ಸ್ವರಕ್ಕೆ ಜಾರುವ ಕಾಲಿನ್ ಮೋಲ್ಡಿಂಗ್ ಅವರ ಫ್ರೆಟ್‌ಲೆಸ್ (ಮೆಟ್ಟಿಲುಗಳಿಲ್ಲದ) ಬೇಸ್ ಗಿಟಾರ್, ಇವೆಲ್ಲ ಒಂದಕ್ಕೊಂದು ಜಾಗ ಬಿಟ್ಟುಕೊಟ್ಟು ನುಡಿಯುತ್ತವೆ. ಅದೇ ವರ್ಷದ ಮಾರ್ಚ್‌ನಲ್ಲಿ ಪ್ಯಾರಿಸ್‌ನ ಕಾರ್ಯಕ್ರಮದ ನಡುವೆಯೇ ಪಾರ್ಟ್ರಿಜ್ ವೇದಿಕೆ ಬಿಟ್ಟು ಹೋದರು; ಆಮೇಲೆ ಅಮೆರಿಕದ ಪ್ರವಾಸವೂ ರದ್ದಾಗಿ, ತಂಡ ಮತ್ತೆಂದೂ ಪ್ರವಾಸ ಹೊರಡಲಿಲ್ಲ. ಹೀಗಾಗಿ ವೇದಿಕೆಯ ಎಕ್ಸ್‌ಟಿಸಿ ಮತ್ತು ಸ್ಟುಡಿಯೋದ ಎಕ್ಸ್‌ಟಿಸಿ, ಎರಡೂ ಕೇಳಿಬರುವುದು ಈ ಆಲ್ಬಂನಲ್ಲೇ, ಮತ್ತು ಯಾವುದು ನಿಮಗೆ ಹಿಡಿಸುತ್ತದೆ ಎಂಬುದೂ ಇಲ್ಲೇ ತಿಳಿಯುತ್ತದೆ.

ವೇದಿಕೆಯ ಎಕ್ಸ್‌ಟಿಸಿ ಹಿಡಿಸಿದರೆ ಹಿಂದಕ್ಕೆ, 1979ರ ‘ಡ್ರಮ್ಸ್ ಆ್ಯಂಡ್ ವೈರ್ಸ್’ಗೆ ಹೋಗಿ. ಅದರ ಮೊದಲ ಹಾಡು, ಮೋಲ್ಡಿಂಗ್ ಬರೆದ ‘ಮೇಕಿಂಗ್ ಪ್ಲಾನ್ಸ್ ಫಾರ್ ನೈಜೆಲ್’ನಲ್ಲಿ, ಮಗ ನೈಜೆಲ್‌ಗೆ ಬ್ರಿಟಿಷ್ ಸ್ಟೀಲ್ ಎಂಬ ಉಕ್ಕಿನ ಕಂಪನಿಯಲ್ಲೇ ಭವಿಷ್ಯವಿದೆಯೆಂದು ಹೆತ್ತವರು ತೀರ್ಮಾನಿಸಿಬಿಟ್ಟಿದ್ದಾರೆ. ಟೆರಿ ಚೇಂಬರ್ಸ್ ಅವರ ಡ್ರಮ್ಸನ್ನು ಮಾತ್ರ ಒಮ್ಮೆ ಗಮನವಿಟ್ಟು ಕೇಳಿ: ಸಾಮಾನ್ಯವಾಗಿ ಹೈ-ಹ್ಯಾಟ್ ಎಂಬ ಜೋಡಿ ತಾಳ ಹಿಡಿದು ನಡೆಸುವ ಲಯವನ್ನು ಅವರು ಟಾಮ್ ಎಂಬ ಡ್ರಮ್ಮಿನ ಮೇಲೆ ಬಾರಿಸುತ್ತಾರೆ. ನೈಜೆಲ್‌ನ ಬದುಕಿಗೆ ಆ ಯಂತ್ರದಂಥ ನಡೆ ಎಷ್ಟು ಸರಿಯಾಗಿ ಒಪ್ಪುತ್ತದೆಂದರೆ, ಪ್ರತಿ ಸಲ ಕೇಳಿದಾಗಲೂ ನನಗೆ ಆ ನಡೆಯೇ ಹಾಡಿನ ಅರ್ಧ ಕಥೆ ಹೇಳಿದಂತೆನಿಸುತ್ತದೆ.

ಸ್ಟುಡಿಯೋದ ಎಕ್ಸ್‌ಟಿಸಿ ಹಿಡಿಸಿದರೆ, ನಡುವೆ ಬಂದ ‘ಮಮ್ಮರ್’, ‘ದ ಬಿಗ್ ಎಕ್ಸ್‌ಪ್ರೆಸ್’ ಎರಡನ್ನೂ ಸದ್ಯಕ್ಕೆ ಬದಿಗಿಟ್ಟು 1986ರ ‘ಸ್ಕೈಲಾರ್ಕಿಂಗ್’ಗೆ ಬನ್ನಿ. ವಾದ್ಯವೃಂದವನ್ನು ಬಳಸಿ ಮಾಡಿದ 1999ರ ‘ಆ್ಯಪಲ್ ವೀನಸ್ ವಾಲ್ಯೂಮ್ 1’ ಅದ್ಭುತವೇ, ಆದರೆ ಅದಕ್ಕೆ ಅವಸರವಿಲ್ಲ. ‘ಸ್ಕೈಲಾರ್ಕಿಂಗ್’ನ ನಿರ್ಮಾಪಕ ಟಾಡ್ ರಂಡ್‌ಗ್ರೆನ್ ಹಾಡುಗಳ ಡೆಮೊಗಳನ್ನು (ಕಚ್ಚಾ ಧ್ವನಿಮುದ್ರಣಗಳನ್ನು) ಕೇಳಿಯೇ, ರೆಕಾರ್ಡಿಂಗಿಗೂ ಮುಂಚೆ, ಹಾಡುಗಳ ಕ್ರಮವನ್ನು ಗೊತ್ತುಮಾಡಿದ್ದರು. ಅವರಿಗೂ ಪಾರ್ಟ್ರಿಜ್‌ಗೂ ಆದ ಜಗಳ ಪ್ರಸಿದ್ಧವೇ ಆಗಿದ್ದರೂ, ಕೀಟಗಳ ಸದ್ದಿನೊಡನೆ ತೆರೆದುಕೊಳ್ಳುವ ‘ಸಮರ್ಸ್ ಕಾಲ್ಡ್ರನ್’ ಎಲ್ಲೂ ಕಡಿಯದೆ ‘ಗ್ರಾಸ್’ ಆಗಿ ಮಾರ್ಪಡುವುದನ್ನು ಕೇಳಿದರೆ ರಂಡ್‌ಗ್ರೆನ್ ಹಟ ಹಿಡಿದದ್ದು ಒಳ್ಳೆಯದೇ ಆಯಿತು ಎನ್ನುತ್ತೇನೆ.

‘ಸ್ಕೈಲಾರ್ಕಿಂಗ್’ ಕೊಳ್ಳುವಾಗ ಮಾತ್ರ ಯಾವ ಮುದ್ರಣವೆಂದು ನೋಡಿಕೊಳ್ಳಿ. ಮೂಲ ಬಿಡುಗಡೆಯಲ್ಲಿ ಪೊಲಾರಿಟಿ, ಅಂದರೆ ಧ್ವನಿ ಸಂಕೇತದ ಧನ-ಋಣ ದಿಕ್ಕು, ತಲೆಕೆಳಗಾಗಿದ್ದುದರಿಂದ ಬೇಸ್ ತೆಳುವಾಗಿತ್ತು. ಮಾಸ್ಟರಿಂಗ್ ಎಂಜಿನಿಯರ್ ಜಾನ್ ಡೆಂಟ್ ಅದನ್ನು ಗುರುತಿಸಿದ ಬಳಿಕ ಸರಿಪಡಿಸಿದ ಆವೃತ್ತಿ 2010ರಲ್ಲಿ ಹೊರಬಂತು. ‘ಡಿಯರ್ ಗಾಡ್’ ಕೂಡ ಮೊದಲ ಮುದ್ರಣದಲ್ಲಿರಲಿಲ್ಲ. ‘ಗ್ರಾಸ್’ ಸಿಂಗಲ್‌ನ ಹಿಂಬದಿಯಲ್ಲಿದ್ದ ಆ ಹಾಡು ಅಮೆರಿಕದ ರೇಡಿಯೋದಲ್ಲಿ ಜನಪ್ರಿಯವಾದ ಮೇಲೆಯೇ ಅಲ್ಲಿನ ಮುದ್ರಣಗಳಿಗೆ ಸೇರಿತು. ಆದ್ದರಿಂದ ಹಾಡುಗಳ ಪಟ್ಟಿಯನ್ನೂ ಒಮ್ಮೆ ಪರಿಶೀಲಿಸಿ.