ಕಾನೂನು ಪ್ರಶ್ನೋತ್ತರ: ಬಾಡಿಗೆ, ಮುಂಗಡ, ಭೋಗ್ಯ

ಪ್ರಶ್ನೆ: ನಾಲ್ಕು ವರ್ಷಗಳಿಂದ 18,000 ರೂಪಾಯಿ ಬಾಡಿಗೆಯ ಮನೆಯಲ್ಲಿದ್ದೇವೆ. ಮುಂಗಡ 1,80,000 ರೂಪಾಯಿ ಕೊಟ್ಟಿದ್ದೇವೆ. ಹನ್ನೊಂದು ತಿಂಗಳ ಕರಾರು ಮುಗಿದ ಮೇಲೆ ಹೊಸದನ್ನು ಬರೆಸಿಲ್ಲ. ಬಾಡಿಗೆ ಮಾತ್ರ ಪ್ರತಿ ತಿಂಗಳೂ ಮಾಲೀಕರ ಖಾತೆಗೆ ಹೋಗುತ್ತಿದೆ. ಈಗ ಅವರು ಈ ತಿಂಗಳೇ ಖಾಲಿ ಮಾಡಿ, ಇಲ್ಲದಿದ್ದರೆ ನೀರು, ಕರೆಂಟು ನಿಲ್ಲಿಸಿ ಬೀಗ ಹಾಕುತ್ತೇನೆ ಎನ್ನುತ್ತಿದ್ದಾರೆ. ಬಣ್ಣದ ಖರ್ಚನ್ನೂ ಮುಂಗಡದಲ್ಲಿ ಹಿಡಿಯುತ್ತಾರಂತೆ. ಬಾಡಿಗೆ ನಿಯಂತ್ರಣ ಕಾಯ್ದೆಯಿಂದ ನಮಗೆ ರಕ್ಷಣೆ ಇದೆಯೇ?
– ಹೆಸರು ಬೇಡ, ರಾಜಾಜಿನಗರ

ಉತ್ತರ: ಆ ಕಾಯ್ದೆಯನ್ನು ನಂಬಿ ಕೂರಬೇಡಿ. 1961ರ ಬಾಡಿಗೆ ನಿಯಂತ್ರಣ ಕಾಯ್ದೆಯ ಜಾಗಕ್ಕೆ ಬಂದ ಕರ್ನಾಟಕ ಬಾಡಿಗೆ ಕಾಯ್ದೆ, 1999 ಜಾರಿಯಾದದ್ದು 2001ರ ಡಿಸೆಂಬರ್ 31ರಂದು. ಬೆಂಗಳೂರಿನಲ್ಲಿ ತಿಂಗಳ ಬಾಡಿಗೆ 3,500 ರೂಪಾಯಿ ಮೀರಿದ ಮನೆಗಳಿಗೆ ಅದು ಅನ್ವಯಿಸುವುದೇ ಇಲ್ಲ. ಇಂದು ಈ ಊರಿನಲ್ಲಿ ಆ ಮೊತ್ತಕ್ಕೆ ಒಂದು ಕೋಣೆ ಸಿಗುವುದೂ ಕಷ್ಟವಾಗಿರುವಾಗ, ಬಾಡಿಗೆದಾರರಲ್ಲಿ ಬಹುಪಾಲು ಜನ ಕಾಯ್ದೆಯ ಹೊರಗೇ ಉಳಿದಿದ್ದಾರೆ. ಈ ಮಿತಿಯನ್ನು ಏರಿಸಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ.

ಹಾಗೆಂದು ನೀವು ನಿರಾಶ್ರಿತರಲ್ಲ. ನಿಮಗೆ ಅನ್ವಯಿಸುವುದು 1882ರ ಆಸ್ತಿ ವರ್ಗಾವಣೆ ಕಾಯ್ದೆ. ಕರಾರಿನ ಅವಧಿ ಮುಗಿದ ಮೇಲೂ ಮಾಲೀಕರು ಬಾಡಿಗೆ ಸ್ವೀಕರಿಸುತ್ತಾ ಬಂದಿರುವುದರಿಂದ, ಅದರ 116ನೇ ಕಲಮಿನ ಪ್ರಕಾರ ನಿಮ್ಮ ಬಾಡಿಗೆ ತಿಂಗಳಿಂದ ತಿಂಗಳಿಗೆ ಮುಂದುವರಿದಂತಾಗಿದೆ. ಅದನ್ನು ಕೊನೆಗೊಳಿಸಬೇಕಾದರೆ 106ನೇ ಕಲಮಿನಂತೆ ಹದಿನೈದು ದಿನಗಳ ಲಿಖಿತ ನೋಟಿಸ್ ಕೊಡಬೇಕು, ಬಾಯಿಮಾತು ಸಾಲದು. ನೋಟಿಸ್ ಅವಧಿ ಕಳೆದರೂ ಅವರಾಗಿ ಬೀಗ ಜಡಿಯುವಂತಿಲ್ಲ. ಲಘು ವ್ಯವಹಾರಗಳ ನ್ಯಾಯಾಲಯದಲ್ಲಿ ದಾವೆ ಹೂಡಿ, ಡಿಕ್ರಿ ಪಡೆದು, ಅದರ ಜಾರಿಯ ಮೂಲಕವೇ ನಿಮ್ಮನ್ನು ಬಿಡಿಸಬೇಕು. ಒಂದು ವೇಳೆ ಬಲವಂತವಾಗಿ ಹೊರಹಾಕಿದರೆ, ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನ ಅಡಿಯಲ್ಲಿ ಆರು ತಿಂಗಳೊಳಗೆ ದಾವೆ ಹಾಕಿ ಸ್ವಾಧೀನವನ್ನು ಮರಳಿ ಪಡೆಯಬಹುದು. ಆ ದಾವೆಯಲ್ಲಿ ಮನೆ ಯಾರದೆಂಬ ಪ್ರಶ್ನೆ ಅಡ್ಡ ಬರುವುದಿಲ್ಲ. ನೀರು, ಕರೆಂಟು ನಿಲ್ಲಿಸುವ ಬೆದರಿಕೆಗೆ ಸಿವಿಲ್ ನ್ಯಾಯಾಲಯದಿಂದ ತಡೆಯಾಜ್ಞೆ ಕೋರಬಹುದು. ಬೆದರಿಕೆಯ ವಾಟ್ಸ್ಯಾಪ್ ಸಂದೇಶಗಳಿದ್ದರೆ ಅಳಿಸಬೇಡಿ, ಬಾಡಿಗೆಯನ್ನು ಬ್ಯಾಂಕಿನ ಮೂಲಕವೇ ಕಟ್ಟುತ್ತಿರಿ. ಒಂದು ತಿಂಗಳು ತಪ್ಪಿದರೂ ನಿಮ್ಮ ಪಕ್ಷ ದುರ್ಬಲವಾಗುತ್ತದೆ.

ಇನ್ನು ಬಣ್ಣದ ವಿಚಾರ. ಒಂದು ತಿಂಗಳ ಬಾಡಿಗೆಯನ್ನು ಬಣ್ಣಕ್ಕೆಂದು ಕಳೆಯುವುದು ನಮ್ಮ ಊರಿನ ರೂಢಿಯೇ ಹೊರತು ಕಾನೂನಲ್ಲ. ಕರಾರಿನಲ್ಲಿ ಬರೆದಿದ್ದರೆ ಕಳೆಯಬಹುದು. ಬರೆದಿಲ್ಲದಿದ್ದರೆ, ದಿನಬಳಕೆಯ ಸಹಜ ಸವೆತಕ್ಕೆ ಬಾಡಿಗೆದಾರ ಹೊಣೆಯಲ್ಲವೆಂದು ಆಸ್ತಿ ವರ್ಗಾವಣೆ ಕಾಯ್ದೆಯ 108ನೇ ಕಲಮು ಹೇಳುತ್ತದೆ. ಎರಡು ತಿಂಗಳ ಬಾಡಿಗೆಗಿಂತ ಹೆಚ್ಚು ಮುಂಗಡ ಪಡೆಯಬಾರದೆಂಬ ಮಾತನ್ನು ನೀವು ಕೇಳಿರಬಹುದು. ಅದು ಕೇಂದ್ರ ಸಚಿವ ಸಂಪುಟ 2021ರಲ್ಲಿ ಒಪ್ಪಿದ ಮಾದರಿ ಬಾಡಿಗೆ ಕಾಯ್ದೆಯಲ್ಲಿದೆ. ಮಾದರಿಯೆಂದರೆ ರಾಜ್ಯವು ತನ್ನದೇ ಕಾನೂನು ಮಾಡುವವರೆಗೆ ನಿಮ್ಮ ಮಾಲೀಕರನ್ನು ಅದು ಕಟ್ಟಿಹಾಕುವುದಿಲ್ಲ.

ಪ್ರಶ್ನೆ: ಚಾಮರಾಜಪೇಟೆಯಲ್ಲಿ ತಂದೆಯವರ ಕಾಲದಿಂದ 1,200 ರೂಪಾಯಿಗೆ ಒಬ್ಬರು ನಮ್ಮ ಮನೆಯಲ್ಲಿದ್ದಾರೆ. ಮಗನ ಸಂಸಾರಕ್ಕೆ ಮನೆ ಬೇಕು. ನೋಟಿಸ್ ಕೊಟ್ಟರೆ ಸಾಕೇ?
– ಒಬ್ಬ ಮಾಲೀಕರು

ಉತ್ತರ: ಸಾಲದು. ಈ ಮನೆ 1999ರ ಕಾಯ್ದೆಯ ವ್ಯಾಪ್ತಿಯೊಳಗಿದೆ. ಅದರ 27ನೇ ಕಲಮಿನಲ್ಲಿ ಹೇಳಿದ ಕಾರಣಗಳಲ್ಲಿ ಒಂದನ್ನು ನೀವು ಸಾಬೀತುಪಡಿಸಬೇಕು. ಕುಟುಂಬದ ವಾಸಕ್ಕೆ ಬೇಕೆಂಬುದು ಅಂಥ ಕಾರಣವೇ ಹೌದು, ಆದರೆ ನಿಮಗೆ ಸೂಕ್ತವಾದ ಬೇರೆ ಮನೆ ಇಲ್ಲವೆಂಬುದನ್ನೂ ತೋರಿಸಬೇಕಾಗುತ್ತದೆ. ಇಷ್ಟು ವರ್ಷ ಇದ್ದವರಾದ್ದರಿಂದ, ಅರ್ಜಿ ಹಾಕುವ ಮೊದಲು ಒಮ್ಮೆ ಕೂತು ಮಾತನಾಡಿ, ಬೇರೆ ಮನೆ ಹುಡುಕಲು ಅವರಿಗೆ ಸಾಕಷ್ಟು ಕಾಲ ಕೊಡಿ.

ಪ್ರಶ್ನೆ: ಎಂಟು ಲಕ್ಷ ರೂಪಾಯಿ ಕೊಟ್ಟು ಮೂರು ವರ್ಷಕ್ಕೆ ಮನೆ ಭೋಗ್ಯಕ್ಕೆ ಪಡೆದಿದ್ದೇವೆ. ಪತ್ರವನ್ನು ನೋಟರಿ ಮಾಡಿಸಿದ್ದೇವೆ, ನೋಂದಣಿ ಮಾಡಿಸಿಲ್ಲ. ಮಾಲೀಕರ ಗೃಹಸಾಲ ಬಾಕಿಯಿದೆಯೆಂದು ಬ್ಯಾಂಕಿನವರು ಕಳೆದ ವಾರ ಬಾಗಿಲಿಗೆ ಸ್ವಾಧೀನದ ನೋಟಿಸ್ ಅಂಟಿಸಿ ಹೋಗಿದ್ದಾರೆ. ನಮ್ಮ ಹಣದ ಗತಿಯೇನು?
– ಒಬ್ಬ ಗೃಹಿಣಿ, ಕಾಮಾಕ್ಷಿಪಾಳ್ಯ

ಉತ್ತರ: ನಿಮ್ಮ ಪತ್ರ ಓದಿ ಬಹಳ ನೋವಾಯಿತು; ಉಳಿತಾಯವನ್ನೆಲ್ಲ ಒಂದೇ ಕಡೆ ಇಟ್ಟ ಕುಟುಂಬಕ್ಕೆ ಇದಕ್ಕಿಂತ ದೊಡ್ಡ ಪೆಟ್ಟಿಲ್ಲ. ಒಂದು ವರ್ಷ ಮೀರಿದ ಭೋಗ್ಯ ಪತ್ರವನ್ನು ಉಪನೋಂದಣಾಧಿಕಾರಿಯ ಕಚೇರಿಯಲ್ಲಿ ನೋಂದಾಯಿಸಲೇಬೇಕು. ನೋಟರಿಯ ಮುದ್ರೆ ಅದಕ್ಕೆ ಬದಲಿಯಾಗದು. ನೋಂದಾಯಿಸದ ಕರಾರನ್ನು ಹಿಡಿದು ಒಂದು ವರ್ಷಕ್ಕಿಂತ ಹೆಚ್ಚು ಕಾಲ ಸ್ವಾಧೀನದಲ್ಲಿರುವ ಹಕ್ಕನ್ನು ಬ್ಯಾಂಕಿನ ಎದುರು ಕೇಳಲಾಗದೆಂದು ಸುಪ್ರೀಂ ಕೋರ್ಟ್ 2019ರಲ್ಲಿ ಹೇಳಿದೆ. ಅಡಮಾನದ ನಂತರ, ಬ್ಯಾಂಕಿನ ಒಪ್ಪಿಗೆಯಿಲ್ಲದೆ ಭೋಗ್ಯ ಕೊಟ್ಟಿದ್ದರೆ ನಿಮ್ಮ ಸ್ಥಿತಿ ಇನ್ನಷ್ಟು ಕಷ್ಟದ್ದು.

ಆದರೆ ಮನೆಯಲ್ಲಿರುವ ಹಕ್ಕು ಬೇರೆ, ಕೊಟ್ಟ ಹಣದ ಹಕ್ಕು ಬೇರೆ. ಎಂಟು ಲಕ್ಷ ಸಂದಾಯವಾದುದಕ್ಕೆ ನಿಮ್ಮ ಪತ್ರ ಮತ್ತು ಬ್ಯಾಂಕ್ ದಾಖಲೆ ಆಧಾರ. ಅದರ ಮೇಲೆ ಮಾಲೀಕರ ವಿರುದ್ಧ ಹಣ ವಸೂಲಿ ದಾವೆ ಹಾಕಿ, ಅವರ ಬೇರೆ ಆಸ್ತಿಯನ್ನು ತೀರ್ಪಿಗೆ ಮುಂಚೆಯೇ ಜಪ್ತಿ ಮಾಡುವಂತೆ ಕೋರಿರಿ. ಸಾಲದ ವಿಷಯ ಮುಚ್ಚಿಟ್ಟು ಹಣ ಪಡೆದಿದ್ದರೆ ವಂಚನೆಯ ದೂರನ್ನೂ ಪೊಲೀಸರಿಗೆ ಕೊಡಬಹುದು. ಬ್ಯಾಂಕಿನ ಕ್ರಮವನ್ನು ಸಾಲ ವಸೂಲಾತಿ ನ್ಯಾಯಮಂಡಳಿಯಲ್ಲಿ ಪ್ರಶ್ನಿಸಲು ಸರ್ಫೇಸಿ ಕಾಯ್ದೆ (ಸಾಲ ಬಾಕಿಯಾದಾಗ ಅಡಮಾನದ ಆಸ್ತಿಯನ್ನು ವಶಪಡಿಸಿಕೊಳ್ಳಲು ಬ್ಯಾಂಕುಗಳಿಗೆ ಅಧಿಕಾರ ಕೊಡುವ ಕಾನೂನು) ಕೊಡುವ ಕಾಲ 45 ದಿನ ಮಾತ್ರ, ಅದರಲ್ಲಿ ಒಂದು ವಾರ ಆಗಲೇ ಕಳೆದಿದೆ. ನೋಟಿಸ್‌ನ ಪ್ರತಿ, ಭೋಗ್ಯ ಪತ್ರ, ಹಣ ವರ್ಗಾವಣೆಯ ದಾಖಲೆಗಳನ್ನು ತೆಗೆದುಕೊಂಡು ಈ ವಾರವೇ ವಕೀಲರನ್ನು ಕಾಣಿರಿ. ವಕೀಲರ ಶುಲ್ಕ ಭರಿಸಲು ಆಗದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿರಿ. ಮಹಿಳೆಯರಿಗೆ ಅಲ್ಲಿ ಆದಾಯದ ಮಿತಿಯಿಲ್ಲದೆ ಉಚಿತ ನೆರವು ದೊರೆಯುತ್ತದೆ, ಆದ್ದರಿಂದ ಅರ್ಜಿಯನ್ನು ನಿಮ್ಮ ಹೆಸರಿನಲ್ಲೇ ಕೊಡಿ.